ಗುಹೆಯಲ್ಲಿ ಹೊಳೆಯೋ ಹುಳ ಕನಸು ಕಾಣುತ್ತಾ?

ಹೋದ ವಾರ ನಮ್ಮ ಫ್ಯಾಮಿಲಿ ಗ್ರೂಪಿಗೆ ದೊಡ್ಡಮ್ಮ ಒಂದು ವಿಡಿಯೋ ಹಾಕಿದ್ರು. ಕಗ್ಗತ್ತಲ ಗುಹೆ, ಮೇಲೆ ಚಾವಣಿ ತುಂಬಾ ನೀಲಿ ನೀಲಿ ಚುಕ್ಕಿ, ಕೆಳಗೆ ಅಲ್ಲಾಡದೆ ನಿಂತಿರೋ ನೀರು, ಹಿಂದೆ ಕೊಳಲಿನ ಮ್ಯೂಸಿಕ್ಕು. ಜೊತೆಗೆ ಬರೆದಿದ್ದೇನು ಅಂದ್ರೆ, ಇವು ಗುಹೆಯಲ್ಲಿ ವರ್ಷಗಟ್ಟಲೆ ಮಲಗಿರೋ ಹುಳಗಳಂತೆ, ಕನಸು ಬಿದ್ದಾಗ ಮೈ ಹೊಳೆಯುತ್ತಂತೆ, ಕನಸು ಮುಗಿದ ತಕ್ಷಣ ಆರಿ ಹೋಗುತ್ತಂತೆ, ಹತ್ತು ಜನಕ್ಕೆ ಕಳಿಸಿ ಅಂತೆ.

ನಮ್ಮ ದೊಡ್ಡಮ್ಮಂಗೆ ಹುಳದ ವಿಷಯದಲ್ಲಿ ಟೋಪಿ ಹಾಕೋದು ಸುಲಭ ಅಲ್ಲ. ಶಿಡ್ಲಘಟ್ಟದ ಹತ್ರ ಹಳ್ಳೀಲಿ ಮೂವತ್ತು ವರ್ಷದಿಂದ ರೇಷ್ಮೆ ಮೇಯಿಸ್ತಾ ಇದ್ದಾರೆ. ವಿಡಿಯೋ ಹಾಕಿದ್ಮೇಲೆ ನಂಗೇ ಫೋನ್ ಮಾಡಿ, "ಹುಳಕ್ಕೆ ಕನಸು ಬೀಳುತ್ತೇನೋ? ನೀನು ಓದಿದೋನಲ್ವಾ, ಹೇಳು" ಅಂದ್ರು. ಐದು ನಿಮಿಷದಲ್ಲಿ ಹೇಳಿ ಮುಗಿಸೋಣ ಅಂತ ಶುರು ಮಾಡ್ದೆ, ಮುಗೀಲಿಲ್ಲ, ಅದಕ್ಕೆ ಇಲ್ಲಿ ಬರೀತಾ ಇದ್ದೀನಿ. ಹುಳ ನಿಜ, ಗುಹೆ ನಿಜ, ಬೆಳಕೂ ನಿಜ. ಕನಸಿನ ವಿಷಯಕ್ಕೆ ಬಂದ್ರೆ ಸ್ವಲ್ಪ ಸುತ್ತು ಹಾಕ್ಕೊಂಡು ಬರ್ಬೇಕು.

ಇದು ನಮ್ಮ ಮಿಂಚುಹುಳ ಅಲ್ಲ

ವಿಡಿಯೋದಲ್ಲಿರೋದು ನ್ಯೂಜಿಲೆಂಡಿನ ಗ್ಲೋವರ್ಮ್. ವಿಜ್ಞಾನದ ಹೆಸರು ಅರಾಕ್ನೋಕ್ಯಾಂಪಾ ಲೂಮಿನೋಸಾ, ಅಲ್ಲಿನ ಮೂಲ ನಿವಾಸಿಗಳಾದ ಮಾವೋರಿ ಜನ ಟಿಟಿವಾಯ್ ಅಂತಾರೆ. ವೈಟೊಮೊ ಅನ್ನೋ ಊರಿನ ಸುಣ್ಣಕಲ್ಲಿನ ಗುಹೆಗಳು ಇದಕ್ಕೆ ಫೇಮಸ್ಸು, ಆಕ್ಲೆಂಡಿನಿಂದ ಕಾರಲ್ಲಿ ಎರಡೂವರೆ ಗಂಟೆ ದಾರಿ, ಆಕ್ಲೆಂಡಲ್ಲಿರೋ ನಮ್ಮ ಕನ್ನಡದವರ ಮನೆಗೆ ಊರಿಂದ ಅಪ್ಪ ಅಮ್ಮ ಹೋದ್ರೆ ಒಂದು ದಿನ ಇಲ್ಲಿಗೆ ಕರ್ಕೊಂಡು ಹೋಗೇ ಹೋಗ್ತಾರೆ. ಮಾವೋರಿ ಭಾಷೇಲಿ ವೈ ಅಂದ್ರೆ ನೀರು, ಟೊಮೊ ಅಂದ್ರೆ ನೆಲದಲ್ಲಿರೋ ಆಳದ ತೂತು, ಅಂದ್ರೆ ನೀರು ಇಳಿದು ಹೋಗೋ ಜಾಗ.

ಇಲ್ಲಿ ಒಂದು ಗೊಂದಲ ಬಿಡಿಸ್ಕೊಳ್ಬೇಕು. ಮಲೆನಾಡಲ್ಲಿ ಮೇ ಕೊನೆ, ಜೂನ್ ಶುರುವಲ್ಲಿ ಮೊದಲ ಮಳೆ ಬಿದ್ದ ಮೇಲೆ ಮರಕ್ಕೆ ಮರಾನೇ ಮಿಣುಕ್ ಮಿಣುಕ್ ಅನ್ನುತ್ತಲ್ಲ, ಆ ಮಿಂಚುಹುಳ ದುಂಬಿಯ ಜಾತಿ. ಗಟ್ಟಿ ರೆಕ್ಕೆ, ಹಾರ್ತಾ ಹಾರ್ತಾ ಹಸಿರು ಹಳದಿ ಬೆಳಕನ್ನ ಆನ್ ಆಫ್ ಮಾಡುತ್ತೆ, ಮಾಡೋದು ಜೋಡಿ ಹುಡುಕೋಕೆ. ವೈಟೊಮೊದ ಹುಳ ದುಂಬಿ ಅಲ್ಲವೇ ಅಲ್ಲ, ನೊಣ ಸೊಳ್ಳೆಗಳ ಕುಲದ್ದು, ಹಣಬೆ ಬೆಳೆಯೋ ತೇವದ ಜಾಗದಲ್ಲಿ ಹಾರಾಡೋ ನೊರಜು ಇರುತ್ತಲ್ಲ, ಅದರ ನೆಂಟ. ಹೊಳೆಯೋದು ಮುಖ್ಯವಾಗಿ ಅದರ ಮರಿ, ಅಂದ್ರೆ ರೆಕ್ಕೆ ಬರೋಕೆ ಮುಂಚಿನ ಹುಳದ ಅವಸ್ಥೆ, ಲಾರ್ವಾ ಅಂತಾರೆ. ಬಣ್ಣ ನೀಲಿ ಹಸಿರು, ಮಿಣುಕೋದಿಲ್ಲ, ಸುಮ್ನೆ ಒಂದೇ ಸಮ ಉರಿಯುತ್ತೆ.

ಇಂಥ ಹುಳ ಜಗತ್ತಲ್ಲಿ ಎರಡೇ ದೇಶದಲ್ಲಿದೆ. ಈ ಕುಲದಲ್ಲಿ ಇಲ್ಲಿಯವರೆಗೆ ಗುರುತಿಸಿರೋ ಒಂಬತ್ತು ಜಾತಿಯಲ್ಲಿ ಎಂಟು ಆಸ್ಟ್ರೇಲಿಯಾದ್ದು, ಒಂದು ನ್ಯೂಜಿಲೆಂಡಿಂದು. ಹಾಗಾಗಿ ಯಾಣದಲ್ಲೋ ಇನ್ಯಾವುದೋ ನಮ್ಮ ಗುಹೆಯಲ್ಲೋ ಟಾರ್ಚ್ ಆಫ್ ಮಾಡಿ ಕಾಯ್ಕೊಂಡು ನಿಂತ್ರೆ ಸಿಗೋದು ಬಾವಲಿ ಅಷ್ಟೇ.

ಚುಕ್ಕಿ ಅಲ್ಲ, ಗಾಳ

ಚಾವಣಿಯ ಒಂದು ಚುಕ್ಕಿ ಹತ್ರಕ್ಕೆ ಹೋಗಿ ನೋಡಿದ್ರೆ ಏನು ಕಾಣುತ್ತೆ ಅಂತ ಹೇಳ್ತೀನಿ, ಇದು ಗೊತ್ತಾದ್ಮೇಲೆ ಕೊಳಲಿನ ಮ್ಯೂಸಿಕ್ ಯಾಕೋ ಹೊಂದಲ್ಲ ಅನ್ಸುತ್ತೆ.

ಬೆಂಕಿಕಡ್ಡಿಗಿಂತ ತೆಳ್ಳಗಿರೋ, ಬಹುತೇಕ ಪಾರದರ್ಶಕವಾದ ಹುಳ. ಮೊಟ್ಟೆಯಿಂದ ಬಂದಾಗ ಮೂರು ಮಿಲಿಮೀಟರ್, ಪೂರ್ತಿ ಬೆಳೆದಾಗ ಮೂರು ಸೆಂಟಿಮೀಟರ್ ಹತ್ರ. ಬಂಡೆಗೆ ಅಂಟಿಸಿದ ಒಂದು ಲೋಳೆಯ ಕೊಳವೆ ಒಳಗೆ ಅಡ್ಡಡ್ಡ ಮಲಗಿರುತ್ತೆ, ಆ ಕೊಳವೆ ಒಳಗೇ ಮುಂದಕ್ಕೆ ಹಿಂದಕ್ಕೆ ಜಾರಾಡುತ್ತೆ, ತೂಗುಮಂಚದಲ್ಲಿ ಮಲಗಿದ ಹಾಗೆ ಅಂದ್ಕೊಳ್ಳಿ. ಆ ಮಂಚದಿಂದ ಕೆಳಕ್ಕೆ ರೇಷ್ಮೆ ಎಳೆಗಳು ಇಳಿಬಿದ್ದಿರ್ತವೆ. ಒಂದೆರಡಲ್ಲ, ಒಂದು ಹುಳಕ್ಕೆ ಎಪ್ಪತ್ತರ ತನಕ ಇರಬಹುದು, ಗುಹೆಯೊಳಗೆ ಗಾಳಿ ಅಲ್ಲಾಡದ ಜಾಗದಲ್ಲಿ ಒಂದೊಂದು ಎಳೆ ಮೂವತ್ತು ನಲವತ್ತು ಸೆಂಟಿಮೀಟರ್ ಉದ್ದ. ಎಳೆ ಉದ್ದಕ್ಕೂ ಸಾಲಾಗಿ ಅಂಟಿನ ಹನಿಗಳು, ಮಣಿಸರ ಇಳಿಬಿಟ್ಟ ಹಾಗೆ. ರೇಷ್ಮೆ ಹುಳದ ಥರಾನೇ ನೂಲು ಬರೋದು ಬಾಯಿಂದ, ಅಂಟನ್ನೂ ಬಾಯಿಂದಲೇ ಹಚ್ಚುತ್ತೆ. 2016ರಲ್ಲಿ ಈ ಹನಿಗಳನ್ನ ಪರೀಕ್ಷೆ ಮಾಡಿದಾಗ ಹೆಚ್ಚುಕಮ್ಮಿ ಪೂರ್ತಿ ನೀರೇ ಇತ್ತು, ಅದರಲ್ಲಿ ಕರಗಿರೋದು ಯೂರಿಯಾದಂಥ ಪದಾರ್ಥ. ಹೊಲಕ್ಕೆ ಹಾಕ್ತೀವಲ್ಲ, ಅದೇ ಯೂರಿಯಾ. ಗಾಳಿ ಒಣಗಿದ್ರೆ ಹನಿ ಆರಿ ಎಳೆ ಅಂಟೋದೇ ನಿಂತು ಹೋಗುತ್ತೆ, ಅದಕ್ಕೇ ಈ ಹುಳ ಸದಾ ಜಿನುಗೋ ಗುಹೆ, ತೊರೆ ಪಕ್ಕದ ನೆರಳಿನ ದಂಡೆ ಇಂಥ ಜಾಗ ಬಿಟ್ಟು ಆಚೆ ಬದುಕಲ್ಲ.

ಈಗ ಗುಹೆಯೊಳಗೆ ಹರಿಯೋ ನೀರಲ್ಲಿ ಸಣ್ಣ ಸಣ್ಣ ನೊರಜುಗಳ ಮರಿ ಬೆಳೆದಿರ್ತವೆ. ರೆಕ್ಕೆ ಬಂದ ತಕ್ಷಣ ನೀರಿಂದ ಎದ್ದು, ಮೇಲೆ ಬೆಳಕಿದೆ ಅಂದ್ರೆ ಆಕಾಶ ಇದೆ ಅಂದ್ಕೊಂಡು ಸೀದಾ ಹಾರ್ತವೆ, ಎಳೆಗೆ ತಗಲಿ ಒದ್ದಾಡ್ತವೆ, ಆ ಒದ್ದಾಟ ನೂಲಿನ ಮೂಲಕ ಮೇಲಕ್ಕೆ ಗೊತ್ತಾಗಿ ಹುಳ ಮಂಚದಿಂದ ಅರ್ಧ ಮೈ ಕೆಳಗೆ ಇಳಿಸಿ, ಬಾವಿಯಿಂದ ಹಗ್ಗ ಸೇದೋ ಹಾಗೆ ಬಾಯಲ್ಲೇ ಎಳೆಯನ್ನ ನುಂಗ್ತಾ ನುಂಗ್ತಾ ಬೇಟೆಯನ್ನ ಮೇಲಕ್ಕೆ ಎತ್ಕೊಳ್ಳುತ್ತೆ. ಅರಾಕ್ನೋಕ್ಯಾಂಪಾ ಅನ್ನೋ ಹೆಸರಿಗೆ ಜೇಡದಂಥ ಹುಳ ಅಂತಾನೇ ಅರ್ಥ.

ಪಕ್ಕದ ಮನೆಯವರ ಮೇಲೂ ಕರುಣೆ ಇಲ್ಲ. ಬಾಯಿಗೆ ಎಟಕುವಷ್ಟು ಹತ್ರ ಇನ್ನೊಂದು ಮರಿ ಬಂದ್ರೆ ಜಗಳ, ಸೋತದ್ದನ್ನ ತಿಂದೇ ಬಿಡುತ್ತೆ. ಅದಕ್ಕೇ ಗುಹೆಯ ಚುಕ್ಕಿಗಳು ನಿಜವಾದ ಆಕಾಶದ ಥರ ಒಂದು ಕಡೆ ಗುಂಪು ಒಂದು ಕಡೆ ಖಾಲಿ ಅಂತ ಇರಲ್ಲ, ಹೆಚ್ಚುಕಮ್ಮಿ ಅಳತೆ ಮಾಡಿ ಇಟ್ಟ ಹಾಗಿರ್ತವೆ. ಇವನ್ನ ತಿನ್ನೋರೂ ಇದ್ದಾರೆ. ಉದ್ದ ಕಾಲಿನ, ಜೇಡದ ದಾಯಾದಿಯಂಥ ಒಂದು ಜೀವಿ ವೈಟೊಮೊ ಗುಹೆಗಳಲ್ಲಿದೆ, 2014ರಲ್ಲಿ ಅದಕ್ಕೆ ಇಟ್ಟ ಹೆಸರು ಫೋಟೋಫಾಗಾ, ಬೆಳಕು ತಿನ್ನೋದು ಅಂತ. ಹೆಸರಿಟ್ಟೋರಿಗೆ ನಮಸ್ಕಾರ.

ತಿಂಗಳುಗಟ್ಟಲೆ ಊಟ, ಆಮೇಲೆ ಬಾಯಿಲ್ಲ

ಮೊಟ್ಟೆ ಒಡೆಯೋಕೆ ಮೂರು ವಾರದ ಹತ್ರ ಬೇಕು. ಆಮೇಲೆ ಹುಳವಾಗಿ ಸುಮಾರು ಆರರಿಂದ ಹನ್ನೆರಡು ತಿಂಗಳು, ಊಟ ಎಷ್ಟು ಸಿಗುತ್ತೆ ಅನ್ನೋದರ ಮೇಲೆ. ಆಮೇಲೆ ಎರಡು ವಾರದಷ್ಟು ಕೋಶದ ಅವಸ್ಥೆ, ಅಂದ್ರೆ ಹುಳ ರೆಕ್ಕೆಯ ಜೀವಿಯಾಗಿ ಬದಲಾಗೋ ನಡುವಿನ ಹಂತ, ಒಂದು ಎಳೆಯಿಂದ ನೇತಾಡ್ಕೊಂಡು. ಕೊನೆಗೆ ರೆಕ್ಕೆ ಬಂದು ಸೊಳ್ಳೆಯಂಥ ಜೀವಿಯಾಗಿ ಹೊರಗೆ ಬಂದ್ರೆ ಬದುಕೋದು ಕೆಲವೇ ದಿನ, ಏನೂ ತಿನ್ನೋಕಾಗಲ್ಲ, ತಿನ್ನೋ ಬಾಯೇ ಇಲ್ಲ. ಹೆಣ್ಣು ನೂರಕ್ಕೂ ಜಾಸ್ತಿ ಮೊಟ್ಟೆ ಇಟ್ಟು ಸಾಯುತ್ತೆ. ಹೆಣ್ಣಿನ ಕೋಶವೂ ಹೊಳೆಯುತ್ತೆ, ಗಂಡು ಬಂದು ಅದು ಒಡೆಯೋದನ್ನೇ ಕಾಯ್ಕೊಂಡು ಮೇಲೆ ಕೂತಿರುತ್ತೆ.

ಇದನ್ನ ಹೇಳಿದಾಗ ದೊಡ್ಡಮ್ಮ, "ನಮ್ಮ ಚಿಟ್ಟೆಗೂ ಅಷ್ಟೇ ಅಲ್ವಾ" ಅಂದ್ರು. ಹೌದು, ರೇಷ್ಮೆ ಗೂಡಿಂದ ಬರೋ ಚಿಟ್ಟೆನೂ ಏನೂ ತಿನ್ನಲ್ಲ, ಹುಳ ಆಗಿದ್ದಾಗ ಮೇದ ಸೊಪ್ಪಿನ ಮೇಲೇ ಕೊನೆ ತನಕ ಬದುಕಬೇಕು.

ಬೆಳಕು ಬರೋದು ಕಿಡ್ನಿಯಿಂದ

ರೇಷ್ಮೆ ಹುಳ ಅಂದ್ನಲ್ಲ, ಇನ್ನೊಂದು ನೆಂಟಸ್ತಿಕೆ ಇದೆ. 1669ರಲ್ಲಿ ಇಟಲಿಯ ಮಾರ್ಚೆಲ್ಲೋ ಮಾಲ್ಪೀಗಿ ಅನ್ನೋ ವೈದ್ಯ ರೇಷ್ಮೆ ಹುಳವನ್ನ ಕುಯ್ದು, ಸೂಕ್ಷ್ಮದರ್ಶಕದಲ್ಲಿ ನೋಡಿ ಒಂದು ಪುಸ್ತಕಾನೇ ಬರೆದ. ಹುಳದ ಕರುಳಿಗೆ ಅಂಟ್ಕೊಂಡಿರೋ ಸಣ್ಣ ಸಣ್ಣ ನಾಳಗಳನ್ನ ವಿವರಿಸಿದ. ಇವತ್ತಿಗೂ ಅವಕ್ಕೆ ಮಾಲ್ಪೀಗಿಯನ್ ನಾಳ ಅಂತಾರೆ, ಕೀಟಗಳಿಗೆ ಅದೇ ಕಿಡ್ನಿ, ಮೈಯ ಕಸ ಸೋಸಿ ಹೊರಗೆ ಕಳಿಸೋದು ಅದರ ಕೆಲಸ.

ಗ್ಲೋವರ್ಮ್‌ನಲ್ಲಿ ಈ ನಾಳಗಳ ತುದಿ ದಪ್ಪ ಆಗಿ ದೀಪ ಆಗಿದೆ. ಅಂದ್ರೆ ಬಾಲದ ಕಡೆ ಹೊಳೀತಾ ಇರೋದು ಕಿಡ್ನಿಯ ಕೊನೆ. ಅದರ ಹಿಂದೆ ಗಾಳಿ ಕೊಳವೆಗಳ ಒಂದು ಪದರ ಇದೆ, ಬೈಕಿನ ಹೆಡ್‌ಲೈಟ್ ಒಳಗಿನ ಹೊಳೆಯೋ ತಟ್ಟೆ ಥರ ಬೆಳಕನ್ನ ಕೆಳಕ್ಕೆ ತಳ್ಳುತ್ತೆ.

ಬೆಳಕು ಹುಟ್ಟೋದು ಹೇಗೆ ಅಂದ್ರೆ, ಆರ್ಕೆಸ್ಟ್ರಾದಲ್ಲಿ ಮಕ್ಕಳ ಕೈಗೆ ಕೊಡ್ತಾರಲ್ಲ, ಬಗ್ಗಿಸಿ ಲಟಕ್ ಅನ್ನಿಸಿದ್ರೆ ಹೊಳೆಯೋ ಪ್ಲಾಸ್ಟಿಕ್ ಕಡ್ಡಿ, ಅದನ್ನ ನೆನಪಿಸ್ಕೊಳ್ಳಿ. ಒಳಗೆ ಎರಡು ರಾಸಾಯನಿಕ ಬೇರೆ ಬೇರೆ ಇರ್ತವೆ, ಸೇರಿದ ತಕ್ಷಣ ಬಿಸಿ ಆಗದೆ ಬೆಳಕು. ಹುಳದಲ್ಲೂ ಉರಿಯೋ ಪದಾರ್ಥ ಒಂದಿದೆ, ಅದಕ್ಕೆ ಲೂಸಿಫೆರಿನ್ ಅಂತಾರೆ, ಅದನ್ನ ಆಕ್ಸಿಜನ್ ಜೊತೆ ಸೇರಿಸೋ ಒಂದು ಕಿಣ್ವ ಇದೆ, ಅದು ಲೂಸಿಫೆರೇಸ್. ಕಿಣ್ವ ಅಂದ್ರೆ ತಾನು ಖರ್ಚಾಗದೆ ಕೆಲಸ ನಡೆಸಿ ಕೊಡೋ ಪ್ರೋಟೀನು, ಮದುವೆ ದಲ್ಲಾಳಿ ಥರ. ಇದಕ್ಕೆಲ್ಲ ಮೈಯ ಶಕ್ತಿ ಖರ್ಚಾಗುತ್ತೆ, ಪುಕ್ಕಟೆ ಕರೆಂಟ್ ಅಲ್ಲ.

2018ರಲ್ಲಿ ಗೊತ್ತಾದ ಒಂದು ವಿಷಯ ನಂಗೆ ತುಂಬಾ ಹಿಡಿಸ್ತು. ಮಿಂಚುಹುಳದ ಕಿಣ್ವ ಮತ್ತೆ ಈ ಹುಳದ ಕಿಣ್ವ ಎರಡೂ ಒಂದೇ ಮನೆತನದವು, ಆದ್ರೆ ಉರಿಯೋ ಪದಾರ್ಥ ಪೂರ್ತಿ ಬೇರೆ, ಅದುವರೆಗೂ ಯಾವ ಜೀವಿಯಲ್ಲೂ ಕಾಣದೇ ಇದ್ದಂಥದ್ದು. ಒಲೆ ಒಂದೇ ಥರ, ಇವರ ಮನೇಲಿ ಸೌದೆ ಬೇರೆ. ದುಂಬಿಗಳು, ನೊರಜುಗಳು ಒಂದನ್ನೊಂದು ಕೇಳ್ಕೊಳ್ಳದೆ ಬೇರೆ ಬೇರೆಯಾಗಿ ಬೆಳಕು ಕಂಡುಕೊಂಡಿವೆ ಅಂತ ಇದರಿಂದ ಗೊತ್ತಾಗುತ್ತೆ.

ಸ್ವಿಚ್ ಉಲ್ಟಾ

ಫಾರ್ವರ್ಡ್ ಹೇಳಿದ್ದು, ಕನಸು ಬಿದ್ರೆ ಆನ್, ಮುಗಿದ್ರೆ ಆಫ್. ನಿಜವಾಗ್ಲೂ ಈ ಬೆಳಕನ್ನ ಆಳೋದು ಹುಳದ ನರಗಳೇ, ಅಲ್ಲಿವರೆಗೆ ಸರಿ. ಆದ್ರೆ ಮಿದುಳಿನ ಕೆಲಸ ದೀಪ ಹಚ್ಚೋದಕ್ಕಿಂತ ಜಾಸ್ತಿ ದೀಪವನ್ನ ತಗ್ಗಿಸಿ ಹಿಡಿಯೋದು ಅಂತ ಕಾಣುತ್ತೆ. ಈ ಹುಳಗಳಿಗೆ ಕಾರ್ಬನ್ ಡೈಆಕ್ಸೈಡ್ ಕೊಟ್ಟು ಪ್ರಜ್ಞೆ ತಪ್ಪಿಸಿದ್ರೆ ದೀಪ ಆರಲ್ಲ, ಜೋರಾಗಿ ಹೊಳೆಯುತ್ತೆ. ಯಾವಾಗಲೂ ಜಗ್ಗೋ ಎತ್ತಿನ ಮೂಗುದಾರ ಕೈ ಬಿಟ್ಟ ಹಾಗೆ.

ಟಾರ್ಚ್ ಬಿಟ್ರೆ ಮಂಕಾಗ್ತವೆ, ಅದಕ್ಕೇ ವೈಟೊಮೊದಲ್ಲಿ ದೋಣಿ ಹತ್ತಿದ್ಮೇಲೆ ಫೋಟೋ ತೆಗೆಯಂಗಿಲ್ಲ, ಮಾತಾಡಂಗಿಲ್ಲ. ಕಾಡಿನ ತೊರೆ ಪಕ್ಕ ಇರೋ ಹುಳಗಳು ಹಗಲು ಆರಿಸ್ಕೊಂಡು ರಾತ್ರಿ ಮಾತ್ರ ಹೊಳೀತವೆ, ಹಗಲಲ್ಲಿ ದೀಪ ಹಚ್ಚಿ ಯಾರನ್ನ ಕರೆಯೋದು? ಗುಹೆಯೊಳಗಿನವು ಪೂರ್ತಿ ಆರಿಸೋದೇ ಇಲ್ಲ. ಹಸಿದ ಹುಳ ಜಾಸ್ತಿ ಹೊಳೆಯುತ್ತೆ ಅಂತ ಅಲ್ಲಿನ ಗೈಡ್‌ಗಳು ಹೇಳೋ ಮಾತು.

ಹಂಗಾದ್ರೆ ಸೂರ್ಯನೇ ಕಾಣದ ಗುಹೆಯಲ್ಲಿ ಹಗಲು ರಾತ್ರಿ ಲೆಕ್ಕ ಹೇಗೆ? ಆಸ್ಟ್ರೇಲಿಯಾದ ಟಾಸ್ಮೇನಿಯಾ ದ್ವೀಪದ ಮಿಸ್ಟರಿ ಕ್ರೀಕ್ ಅನ್ನೋ ಗುಹೆಯಲ್ಲಿ ಕ್ಯಾಮೆರಾ ಇಟ್ಟು ನೋಡಿದ್ದಾರೆ, 2011ರಲ್ಲಿ ಪ್ರಕಟ ಆಯ್ತು. ಅಲ್ಲಿನ ಹುಳಗಳು ಇಪ್ಪತ್ನಾಲ್ಕು ಗಂಟೆಯೂ ಹೊಳೀತವೆ ಆದ್ರೆ ಬೆಳಕು ದಿನಕ್ಕೊಂದು ಸಲ ನಿಧಾನಕ್ಕೆ ಏರಿ ನಿಧಾನಕ್ಕೆ ಇಳಿಯುತ್ತೆ, ಅದೂ ಇಡೀ ಚಾವಣಿಯ ಹುಳಗಳು ಒಟ್ಟಿಗೆ. ಆಮೇಲೆ ಪ್ರಯೋಗ ಮಾಡಿ ನೋಡಿದಾಗ, ಪಕ್ಕದ ಹುಳದ ಬೆಳಕು ನೋಡ್ಕೊಂಡೇ ಒಂದಕ್ಕೊಂದು ಗಡಿಯಾರ ಸರಿ ಮಾಡ್ಕೊಳ್ತವೆ ಅಂತ ಗೊತ್ತಾಯ್ತು. ಮೇಲಿಂದ ಯಾರೂ ಟೈಮ್ ಹೇಳ್ತಾ ಇಲ್ಲ. ಭಜನೆಯಲ್ಲಿ ತಾಳ ಯಾರು ಶುರು ಮಾಡಿದ್ರು ಅಂತ ಗೊತ್ತಾಗದೆ ಎಲ್ಲರ ಕೈಯೂ ಒಂದೇ ಲಯಕ್ಕೆ ಬಂದುಬಿಡುತ್ತಲ್ಲ, ಹಾಗೆ. ಫಾರ್ವರ್ಡ್ ಬರೆದೋರು ಕನಸು ಅಂದಿದ್ದು ಈ ಏರಿಳಿತ ನೋಡಿಯೋ ಏನೋ.

ನಿದ್ದೆ ಅಂದ್ರೇನು? ಜ್ವರ ಅಂದ್ರೇನು?

ಕನಸಿಗೆ ಹೋಗೋಕೆ ಮುಂಚೆ ನಿದ್ದೆ ಬೇಕು. ಹುಳಕ್ಕೆ ನಿದ್ದೆ ಇದೆಯಾ?

ದೊಡ್ಡಮ್ಮನ ಹುಳದ ಮನೆಗೆ ಹೋಗೋಣ. ಸೊಪ್ಪು ಹಾಕಿದ ಮೇಲೆ ಕಣ್ಣು ಮುಚ್ಚಿ ನಿಂತ್ರೆ ಸೋನೆ ಮಳೆ ಬಿದ್ದ ಸದ್ದು, ಸಾವಿರಾರು ಹುಳ ಒಟ್ಟಿಗೆ ಮೇಯೋ ಸದ್ದು ಅದು. ಒಂದು ದಿನ ಬೆಳಿಗ್ಗೆ ಹೋದ್ರೆ ಆ ಸದ್ದೇ ಇರಲ್ಲ. ಎಲ್ಲಾ ಹುಳನೂ ತಲೆ ಎತ್ತಿ, ಅಲ್ಲಾಡದೆ, ಪೂಜೆಗೆ ಕೂತ ಹಾಗೆ ಕೂತಿರ್ತವೆ. ನಮ್ಮ ಕಡೆ ಇದಕ್ಕೆ ಜ್ವರಕ್ಕೆ ಕೂತಿದೆ ಅಂತಾರೆ. ಆ ದಿನ ಸೊಪ್ಪು ಹಾಕಂಗಿಲ್ಲ, ಮುಟ್ಟಂಗಿಲ್ಲ. ಒಂದು ಬೆಳೆಗೆ ನಾಲ್ಕು ಜ್ವರ, ನಾಲ್ಕನೇ ಜ್ವರ ಎದ್ದ ಮೇಲೆ ವಾರದ ಮೇಲೆ ಮೇದು ಹಣ್ಣಾಗಿ ಚಂದ್ರಿಕೆ, ಅಂದ್ರೆ ಗೂಡು ಕಟ್ಟೋಕೆ ಇಡೋ ತಟ್ಟೆ, ಹತ್ತುತ್ತೆ. ಚಿಕ್ಕವನಿದ್ದಾಗ ನಾನು ಹುಳ ನಿದ್ದೆ ಮಾಡ್ತಿದೆ ಅಂತಾನೇ ಅಂದ್ಕೊಂಡಿದ್ದೆ.

ಅದು ನಿದ್ದೆ ಅಲ್ಲ. ಹಳೆ ಚರ್ಮ ಬಿಗಿ ಆಗಿ, ಒಳಗೆ ಹೊಸ ಚರ್ಮ ಬೆಳೀತಾ ಇರುತ್ತೆ, ಅದನ್ನ ಕಳಚೋ ಕೆಲಸಕ್ಕೆ ಹುಳ ಊಟ ಬಿಟ್ಟು ಕೂತಿರುತ್ತೆ. ಅಲ್ಲಾಡದೆ ಇರೋದೆಲ್ಲ ನಿದ್ದೆ ಅಲ್ಲ ಅನ್ನೋದಕ್ಕೆ ಇದಕ್ಕಿಂತ ಒಳ್ಳೆ ಉದಾಹರಣೆ ನಂಗೆ ಸಿಗಲಿಲ್ಲ.

ಹಂಗಾದ್ರೆ ವಿಜ್ಞಾನಿಗಳು ನಿದ್ದೆ ಅಂತ ಒಪ್ಪೋಕೆ ಏನು ನೋಡ್ತಾರೆ? ಜೀವಿ ಅಲ್ಲಾಡದೆ ಇರ್ಬೇಕು, ಆದ್ರೆ ಅಲ್ಲಾಡಿಸಿದ್ರೆ ಏಳ್ಬೇಕು, ಇಲ್ಲಾಂದ್ರೆ ಅದು ಕೋಮಾ. ಎಬ್ಬಿಸೋಕೆ ಎಂದಿಗಿಂತ ಜಾಸ್ತಿ ತಟ್ಟಬೇಕು, ಅಂದ್ರೆ ಸಣ್ಣ ಸದ್ದಿಗೆ ಎಚ್ಚರ ಆಗಬಾರದು. ದಿನದ ಒಂದು ಹೊತ್ತಲ್ಲಿ, ಒಂದು ಭಂಗಿಯಲ್ಲಿ ಆಗ್ಬೇಕು. ಎಲ್ಲಕ್ಕಿಂತ ಮುಖ್ಯ, ಒಂದು ರಾತ್ರಿ ಮಲಗೋಕೆ ಬಿಡದೆ ಇದ್ರೆ ಮಾರನೇ ದಿನ ಸಾಲ ತೀರಿಸೋ ಥರ ಜಾಸ್ತಿ ಮಲಗ್ಬೇಕು. ಜಾಗರಣೆ ಮಾಡಿದ ಮಾರನೇ ದಿನ ಮಧ್ಯಾಹ್ನ ನಮ್ಮ ಕಥೆ ಏನಾಗುತ್ತೆ ಅದು.

ಬಾಳೆಹಣ್ಣು ಕೊಳೆತಾಗ ಮುತ್ಕೊಳ್ಳೋ ಸಣ್ಣ ನೊಣ ಈ ಪರೀಕ್ಷೆಯಲ್ಲೆಲ್ಲ ಪಾಸಾಯ್ತು. 2000ನೇ ಇಸವಿಯಲ್ಲಿ ಅಮೆರಿಕದ ಎರಡು ತಂಡಗಳು ಬೇರೆ ಬೇರೆಯಾಗಿ ಇದನ್ನ ತೋರಿಸಿದ್ವು. ರಾತ್ರಿಯೆಲ್ಲ ತಟ್ಟಿ ತಟ್ಟಿ ಎಬ್ಬಿಸಿದ ನೊಣ ಮಾರನೇ ದಿನ ಜಾಸ್ತಿ ಮಲಗ್ತು, ಕಾಫಿಯಲ್ಲಿರೋ ಕೆಫೀನ್ ಕೊಟ್ರೆ ನಮ್ಮ ಥರಾನೇ ನಿದ್ದೆ ಬರಲಿಲ್ಲ. ಜೇನುಹುಳದ ನಿದ್ದೆಯನ್ನ ಅದಕ್ಕೂ ಮುಂಚೆ, 1983ರಲ್ಲೇ ಗಮನಿಸಿದ್ರು, ಮಲಗಿದ ಜೇನಿನ ಮೀಸೆ ಜೋತು ಬೀಳುತ್ತೆ, ಬಸ್ಸಲ್ಲಿ ತೂಕಡಿಸೋರ ತಲೆ ಥರ. 2010ರ ಒಂದು ಪ್ರಯೋಗದಲ್ಲಿ ಕೆಲವು ಜೇನುಹುಳಗಳ ಬೆನ್ನಿಗೆ ಕಬ್ಬಿಣದ ಚೂರು ಅಂಟಿಸಿ ರಾತ್ರಿಯಿಡೀ ಅಯಸ್ಕಾಂತದಿಂದ ಅಲ್ಲಾಡಿಸ್ತಾ ಎಚ್ಚರ ಇಟ್ರು. ಬೆಳಿಗ್ಗೆ ಅವು ಹೂವಿರೋ ದಿಕ್ಕನ್ನ ಕುಣಿದು ತೋರಿಸುವಾಗ ಕರಾರುವಾಕ್ಕಾಗಿ ತೋರಿಸೋಕೆ ಆಗಲಿಲ್ಲ. ಪಾಪ, ನೈಟ್ ಶಿಫ್ಟ್ ಮುಗಿಸಿ ಬಂದೋರ ಹತ್ರ ಅಡ್ರೆಸ್ ಕೇಳಿದ ಹಾಗೆ.

ಕನಸನ್ನ ಹೊರಗಿಂದ ನೋಡೋದು ಹೇಗೆ

ಇಲ್ಲಿಂದ ಸ್ವಲ್ಪ ಜೋಪಾನವಾಗಿ ಹೆಜ್ಜೆ ಇಡ್ಬೇಕು. ಕನಸು ಬಿತ್ತು ಅಂತ ನಂಗೆ ಗೊತ್ತಾಗೋದು ಎದ್ದು ನಾನೇ ಹೇಳಿದ್ರೆ, ನಿಮ್ಮದು ನೀವು ಹೇಳಿದ್ರೆ. ಹುಳ ಹೇಳಲ್ಲ. ಅದಕ್ಕೇ ಈ ಕ್ಷೇತ್ರದೋರು ಕನಸು ಅನ್ನೋ ಪದವನ್ನೇ ಆದಷ್ಟು ದೂರ ಇಟ್ಟು, ಕನಸಿನ ಹೊತ್ತಲ್ಲಿ ಮೈಯಲ್ಲಿ ಕಾಣೋ ಗುರುತುಗಳನ್ನ ಹುಡುಕ್ತಾರೆ.

ಮನುಷ್ಯರಲ್ಲಿ ಆ ಗುರುತು ಸಿಕ್ಕಿದ್ದು 1953ರಲ್ಲಿ, ಶಿಕಾಗೋದಲ್ಲಿ. ಮಲಗಿದೋರ ಕಣ್ಣುಗುಡ್ಡೆ ರೆಪ್ಪೆ ಒಳಗೆ ಆಗಾಗ ಸರಸರ ಓಡಾಡುತ್ತೆ, ಆ ಹೊತ್ತಲ್ಲಿ ಎಬ್ಬಿಸಿದ್ರೆ ಬಹಳ ಜನ ಕನಸು ಬೀಳ್ತಿತ್ತು ಅಂತಾರೆ. ಇದಕ್ಕೆ ರೆಮ್ ನಿದ್ದೆ ಅಂತ ಹೆಸರು ಬಂತು. ಆಗ ಮಿದುಳು ಎಚ್ಚರದಲ್ಲಿದ್ದಷ್ಟೇ ಚುರುಕು, ಮೈ ಮಾತ್ರ ಕಟ್ಟಿ ಹಾಕಿದ ಹಾಗೆ. ಆ ಕಟ್ಟು ಬಿಚ್ಚಿದ್ರೆ ಏನಾಗುತ್ತೆ ಅಂತ ಫ್ರಾನ್ಸಿನ ವಿಜ್ಞಾನಿ ಮಿಶೆಲ್ ಜೂವೆ ಬೆಕ್ಕುಗಳಲ್ಲಿ ನೋಡಿದ್ರು. ಮಿದುಳಿನ ಬುಡದಲ್ಲಿ ಆ ಕಟ್ಟು ಹಾಕೋ ಜಾಗಕ್ಕೆ ಪೆಟ್ಟಾದ ಬೆಕ್ಕು ಮಲಗಿದ್ದಂತೆಯೇ ಎದ್ದು, ಇಲ್ಲದ ಇಲಿಯ ಮೇಲೆ ಹೊಂಚು ಹಾಕಿ ಎರಗ್ತಿತ್ತು. 2001ರಲ್ಲಿ ಅಮೆರಿಕದ ಎಂಐಟಿ ವಿಶ್ವವಿದ್ಯಾಲಯದಲ್ಲಿ ಇಲಿಗಳ ಮಿದುಳಿಗೆ ತಂತಿ ಹಾಕಿ ನೋಡಿದಾಗ, ಹಗಲು ಓಡಿದ ದಾರಿಯಲ್ಲಿ ಯಾವ ನರಕೋಶ ಯಾವ ಸರದಿಯಲ್ಲಿ ಮಿಡಿದಿತ್ತೋ ಅದೇ ಸರದಿ ರೆಮ್ ನಿದ್ದೆಯಲ್ಲಿ ಮತ್ತೆ ನಡೀತು.

ಇವೆಲ್ಲ ದೊಡ್ಡ ಮಿದುಳಿನ ಪ್ರಾಣಿಗಳು. ಹುಳಕ್ಕೆ ಹತ್ತಿರದ ಸುದ್ದಿ ಬಂದಿದ್ದು 2022ರಲ್ಲಿ, ಜೇಡದಿಂದ. ಜೇಡ ಕೀಟ ಅಲ್ಲ, ಎಂಟು ಕಾಲಿಂದು, ಆದ್ರೂ ಇದೇ ದಾರಿ.

ಗೋಡೆ ಮೇಲೆ ಬಲೆ ಕಟ್ಟದೆ ಟುಣುಕ್ ಟುಣುಕ್ ಅಂತ ನೆಗೆದು, ನಾವು ಬೆರಳು ತೋರಿಸಿದ್ರೆ ತಿರುಗಿ ನಮ್ಮನ್ನೇ ನೋಡೋ ಸಣ್ಣ ಜೇಡ ಇದೆಯಲ್ಲ, ಆ ಜಾತಿಯದ್ದು. ಜರ್ಮನಿಯ ಕೊನ್‌ಸ್ಟಾನ್ಸ್ ವಿಶ್ವವಿದ್ಯಾಲಯದ ಡೇನಿಯೆಲಾ ರೋಸ್ಲರ್ ಇವು ರಾತ್ರಿ ಒಂದು ನೂಲಿಗೆ ನೇತಾಡ್ಕೊಂಡು ಇರೋದನ್ನ ಕತ್ತಲೆಯಲ್ಲಿ ಕಾಣೋ ಕ್ಯಾಮೆರಾದಲ್ಲಿ ಹಿಡಿದ್ರು. ಜೇಡಕ್ಕೆ ನಮ್ಮ ಥರ ಕಣ್ಣುಗುಡ್ಡೆ ತಿರುಗಲ್ಲ, ಮುಂದಿನ ದೊಡ್ಡ ಕಣ್ಣಿನ ಹಿಂದೆ ತಲೆಯೊಳಗೆ ಒಂದು ಕೊಳವೆ ಇದೆ, ನೋಡ್ಬೇಕಾದ ಕಡೆಗೆ ಆ ಕೊಳವೆ ತಿರುಗುತ್ತೆ. ಹುಟ್ಟಿ ಕೆಲವೇ ದಿನ ಆದ ಮರಿಗಳ ಮೈ ಪಾರದರ್ಶಕ, ಗಾಜಿನ ಡಬ್ಬಿ ಥರ, ಹಾಗಾಗಿ ಕೊಳವೆ ಅಲ್ಲಾಡೋದು ಹೊರಗಿಂದಲೇ ಕಾಣುತ್ತೆ. ಮಲಗಿರೋ ಮರಿಯಲ್ಲಿ ರಾತ್ರಿ ಆಗಾಗ, ಒಂದು ನಿಮಿಷಕ್ಕಿಂತ ಸ್ವಲ್ಪ ಜಾಸ್ತಿ ಹೊತ್ತು, ಆ ಕೊಳವೆಗಳು ಸರಸರ ಓಡಾಡಿದ್ವು, ಅದೇ ಹೊತ್ತಿಗೆ ಕಾಲು ಮುದುರಿ ಸೆಳೀತು. ನಾಯಿ ನಿದ್ದೆಯಲ್ಲಿ ಕಾಲು ಒದರುತ್ತಲ್ಲ, ಅದೇ ದೃಶ್ಯ. ಕಣ್ಣಿನಿಂದಲೇ ಬದುಕೋ ಜೀವಿ, ಕಣ್ಣು ಮುಚ್ಚೋ ರೆಪ್ಪೆ ಇಲ್ಲ, ಕತ್ತಲಲ್ಲಿ ನೂಲಿಗೆ ತೂಗಾಡ್ತಾ ಏನನ್ನೋ ನೋಡೋ ಹಾಗೆ ಕಣ್ಣು ತಿರುಗಿಸ್ತಿದೆ. ಆ ತಂಡದೋರು ಬರೆದದ್ದು ರೆಮ್ ಥರದ ನಿದ್ದೆ ಅಂತ ಅಷ್ಟೇ, ಕನಸು ಅಂತ ಹೇಳಿಬಿಡಲಿಲ್ಲ. ಪೇಪರ್ ಹೆಡ್ಡಿಂಗ್ ಕೊಟ್ಟೋರು ಹೇಳಿದ್ರು, ಆ ಮಾತು ಬೇರೆ.

ಕೀಟಗಳಲ್ಲೂ ನಿದ್ದೆ ಒಂದೇ ಥರ ಇಲ್ಲ. ಹಣ್ಣಿನ ನೊಣದ ಮಿದುಳು ನಿದ್ದೆಯ ಒಂದು ಹಂತದಲ್ಲಿ ತೆಪ್ಪಗಿರುತ್ತೆ, ಇನ್ನೊಂದು ಹಂತದಲ್ಲಿ ಎಚ್ಚರದಲ್ಲಿದ್ದ ಹಾಗೇ ಕೆಲಸ ಮಾಡ್ತಿರುತ್ತೆ. ಜೇನುಹುಳಕ್ಕೆ ಹಗಲು ಒಂದು ವಾಸನೆ ಜೊತೆ ಪಾಠ ಕಲಿಸಿ, ರಾತ್ರಿ ಗಾಢ ನಿದ್ದೆಯಲ್ಲಿದ್ದಾಗ ಅದೇ ವಾಸನೆ ಬಿಟ್ರೆ ಮಾರನೇ ದಿನ ಪಾಠ ಇನ್ನೂ ಚೆನ್ನಾಗಿ ನೆನಪಿರುತ್ತೆ, ಇದನ್ನ 2015ರಲ್ಲಿ ತೋರಿಸಿದ್ರು. ಅಂದ್ರೆ ನಿದ್ದೆಯಲ್ಲಿ ಹಗಲಿನ ಸಾಮಾನನ್ನ ಮತ್ತೆ ತೆಗೆದು ಜೋಡಿಸೋ ಕೆಲಸ ಅಷ್ಟು ಪುಟ್ಟ ಮಿದುಳಲ್ಲೂ ನಡೀತಿದೆ. ಅದನ್ನ ಹುಳ ಒಳಗಿಂದ ಅನುಭವಿಸುತ್ತಾ, ಅಂದ್ರೆ ಅದಕ್ಕೆ ಕಾಣುತ್ತಾ, ಅನ್ನೋದನ್ನ ಯಾವ ತಂತಿ ಹಾಕಿ ಅಳೆಯೋದು?

ಗುಹೆ ಸೇರಿದ್ರೆ ನಿದ್ದೆ ಜಾಸ್ತಿ ಆಗ್ಬೇಕು ಅಂತ ನಮಗೆ ಅನ್ಸುತ್ತೆ, ಕತ್ತಲೆ ತಾನೇ ಅಂತ. ಮೆಕ್ಸಿಕೋದ ಗುಹೆಗಳಲ್ಲಿ ಕಣ್ಣೇ ಇಲ್ಲದ ಒಂದು ಮೀನಿದೆ, ಅದರ ಅಣ್ಣತಮ್ಮಂದಿರು ಹೊರಗಿನ ಹೊಳೆಯಲ್ಲಿ ಕಣ್ಣಿಟ್ಕೊಂಡು ಇದ್ದಾರೆ. 2011ರಲ್ಲಿ ಎರಡನ್ನೂ ಹೋಲಿಸಿದ್ರೆ ಗುಹೆ ಮೀನು ಮಲಗೋದು ಹೊಳೆ ಮೀನಿಗಿಂತ ತೀರಾ ಕಮ್ಮಿ. ಊಟ ಯಾವಾಗ ಸಿಗುತ್ತೋ ಗೊತ್ತಿಲ್ಲದ ಜಾಗದಲ್ಲಿ ಮಲಗಿದೋನು ಕೆಟ್ಟ ಅಂತ ಒಂದು ವಿವರಣೆ. ವರ್ಷಗಟ್ಟಲೆ ಮಲಗಿರೋ ಗುಹೆ ಹುಳ ಅನ್ನೋ ಫಾರ್ವರ್ಡಿನ ಮಾತಿಗೆ ಇಲ್ಲಿ ಜಾಗ ಇಲ್ಲ. ಗ್ಲೋವರ್ಮ್ ಚಾವಣಿ ಮೇಲೆ ಇರೋದು ಗಾಳ ಇಳಿಬಿಟ್ಟು ಕಾಯೋಕೆ, ಬೆಳಕು ಆ ಗಾಳದ ಬಾಬ್ತು.

ನೋಡೋಕೆ ಹೋಗೋರಿಗೆ

ವೈಟೊಮೊ ಗುಹೆಯ ಒಳಗೆ ನೀರು ಹರಿಯೋ ದಾರಿ ಹಿಡಿದು 1887ರಲ್ಲಿ ಮೊದಲು ಹೋದೋರು ಮಾವೋರಿ ಮುಖಂಡ ಟಾನೆ ಟಿನೊರಾವ್ ಮತ್ತೆ ಇಂಗ್ಲಿಷ್ ಸರ್ವೇಯರ್ ಫ್ರೆಡ್ ಮೇಸ್. ಅಗಸೆ ಥರದ ಗಿಡದ ದಂಟು ಕಟ್ಟಿ ಮಾಡಿದ ತೆಪ್ಪ, ಕೈಯಲ್ಲಿ ಮೇಣದ ಬತ್ತಿ. 1889ಕ್ಕೆಲ್ಲ ಟಿನೊರಾವ್ ಪ್ರವಾಸಿಗಳನ್ನ ಕರ್ಕೊಂಡು ಹೋಗೋಕೆ ಶುರು ಮಾಡಿದ್ರು, 1906ರಲ್ಲಿ ಸರ್ಕಾರ ಗುಹೆಯನ್ನ ತಗೊಳ್ತು, 1989ರಲ್ಲಿ ಅವರ ವಂಶದವರಿಗೇ ವಾಪಸ್ ಬಂತು.

ಈಗಲೂ ದೋಣಿಗೆ ಮೋಟಾರ್ ಇಲ್ಲ, ಮೇಲೆ ಕಟ್ಟಿರೋ ಹಗ್ಗ ಹಿಡಿದು ಗೈಡು ಕತ್ತಲಲ್ಲಿ ಎಳ್ಕೊಂಡು ಹೋಗ್ತಾರೆ. ಜನ ಜಾಸ್ತಿ ಹೋದ್ರೆ ಅವರು ಬಿಡೋ ಉಸಿರಿನ ಕಾರ್ಬನ್ ಡೈಆಕ್ಸೈಡ್ ತೇವದ ಜೊತೆ ಸೇರಿ ಸುಣ್ಣಕಲ್ಲನ್ನ ತಿನ್ನುತ್ತೆ, ಬಾಗಿಲು ತಪ್ಪಾಗಿ ತೆರೆದಿಟ್ರೆ ಒಣ ಗಾಳಿ ಬಂದು ಎಳೆಗಳು ಒಣಗ್ತವೆ. 1979ರಲ್ಲಿ ಬೆಳಕು ತೀರಾ ಕಮ್ಮಿ ಆಗಿ ಗುಹೆಯನ್ನ ಕೆಲವು ತಿಂಗಳು ಮುಚ್ಚಬೇಕಾಯ್ತು. ಆಮೇಲೆ ಗಾಳಿ, ತೇವ, ಉಷ್ಣಾಂಶ ಎಲ್ಲಾ ಅಳೆಯೋ ಯಂತ್ರ ಇಟ್ಟು ಕಾಯ್ತಾ ಇದ್ದಾರೆ. ರೇಷ್ಮೆ ಮೇಯಿಸೋರಿಗೆ ಇದೇನು ಹೊಸದಲ್ಲ, ಹುಳದ ಮನೇಲೂ ಗೋಣಿಚೀಲ ಒದ್ದೆ ಮಾಡಿ ಕಿಟಕಿಗೆ ನೇತಾಕ್ತಾರೆ.

ಇಷ್ಟೂ ಫೋನಲ್ಲಿ ದೊಡ್ಡಮ್ಮಂಗೆ ಹೇಳಿದೆ. ಕಿಡ್ನಿ ಹೊಳೆಯೋದು, ಗಾಳ, ಜೇಡದ ಮರಿ ಕಣ್ಣು ಎಲ್ಲಾ ಊಂ ಊಂ ಅಂತ ಕೇಳಿದ್ರು. ಕೊನೆಗೆ, "ಬಾಯಿಂದ ನೂಲು ಬರುತ್ತೆ ಅಂದ್ಯಲ್ಲ, ಅದಕ್ಕೆ ಅಲ್ಲಿ ಏನು ರೇಟಂತೆ?"

"ಅದನ್ನ ಬಿಚ್ಚೋಕೆ ಬರಲ್ಲ ದೊಡ್ಡಮ್ಮ, ಬರೀ ಅಂಟು. ಅರ್ಧ ಮೊಳ ಎಳೆ, ಒಣಗಿದ್ರೆ ಕೆಲಸಕ್ಕೂ ಬರಲ್ಲ."

"ಹಂಗಾದ್ರೆ ಬಿಡು, ಮಲ್ಕೊಳ್ಳಲಿ."